ಫಾರಿಯಾ ಮಾಂತ್ರಿಕನಲ್ಲ

ಪಣಜಿಯ ಹಳೆಯ ಸಚಿವಾಲಯದ ಮಗ್ಗುಲಲ್ಲಿ ನಿಂತಿರುವ ಕಂಚಿನ ವಿಗ್ರಹವನ್ನು ಕಾಣದ ಕನ್ನಡಿಗರು ಈ ಊರಿನಲ್ಲಿ ವಿರಳ. ನಿಲುವಂಗಿ ತೊಟ್ಟ ಪಾದ್ರಿಯೊಬ್ಬನು ಎರಡೂ ಕೈಗಳನ್ನು ಚಾಚಿ ನಿಂತಿದ್ದಾನೆ. ಆತನ ಮುಂದೆ ಹೆಂಗಸೊಬ್ಬಳು ಮೈಮರೆತು ಒರಗಿದ್ದಾಳೆ. ಇದು ಯಾರ ವಿಗ್ರಹವೆಂದು ಕೇಳಿದರೆ ನಮ್ಮವರ ಬಾಯಿಂದ ಬರುವ ಉತ್ತರ ಸಾಮಾನ್ಯವಾಗಿ ಒಂದೇ: “ಆತನೊಬ್ಬ ದೊಡ್ಡ ಮಾಂತ್ರಿಕ, ಆ ಹೆಂಗಸಿನ ಮೇಲೆ ಮಾಟ ಮಾಡುತ್ತಿದ್ದಾನೆ.” ಮಕ್ಕಳನ್ನು ಪ್ರವಾಸಕ್ಕೆ ಕರೆತಂದ ಉಪಾಧ್ಯಾಯರಲ್ಲಿಯೂ ಕೆಲವರು ಇಷ್ಟನ್ನೇ ಹೇಳಿ ಮುಂದೆ ಸಾಗುತ್ತಾರೆ. ಈ ಉತ್ತರ ಸುಳ್ಳು. ಬರಿಯ ಸುಳ್ಳೂ ಅಲ್ಲ. ಆ ಮನುಷ್ಯನು ತನ್ನ ಬಾಳಿನ ಕೊನೆಯ ವರ್ಷಗಳನ್ನು ಯಾವುದನ್ನು ಅಲ್ಲಗಳೆಯುವುದಕ್ಕಾಗಿ ಸವೆಸಿದನೋ ಅದನ್ನೇ ಆತನ ಕೊರಳಿಗೆ ಕಟ್ಟುವ ಅನ್ಯಾಯ. ಈ ಅನ್ಯಾಯದಿಂದ ಕಂಚಿನ ಫಾರಿಯಾನಿಗೆ ಆಗುವ ನಷ್ಟ ಏನೂ ಇಲ್ಲ. ನಷ್ಟವೆಲ್ಲ ನಮ್ಮ ಮಕ್ಕಳದು. ಅದು ಹೇಗೆಂಬುದನ್ನು ತೋರಿಸುವುದೇ ಈ ಲೇಖನದ ಉದ್ದೇಶ.

ಮೊದಲು ಒಂದು ಮಾತನ್ನು ಸ್ಪಷ್ಟಪಡಿಸುತ್ತೇವೆ. ಕಥೆಯಲ್ಲಿ ಬರುವ ಮಾಂತ್ರಿಕರ ಮೇಲೆ ನಮಗೆ ಹಗೆಯಿಲ್ಲ. ಇಂದಿನ ಮಕ್ಕಳು ಓದುವ ಪುಸ್ತಕಗಳಲ್ಲಿ, ನೋಡುವ ಚಲನಚಿತ್ರಗಳಲ್ಲಿ, ಮೊಬೈಲಿನಲ್ಲಿ ಆಡುವ ಆಟಗಳಲ್ಲಿ ಮಾಂತ್ರಿಕರ ಗುಪ್ತಪಂಥಗಳಿಗೆ ಲೆಕ್ಕವೇ ಇಲ್ಲ. ಅವರು ಕಾಲವನ್ನು ಹಾಸಾಗಿಯೂ ವಾಸ್ತವವನ್ನು ಹೊಕ್ಕಾಗಿಯೂ ಹಿಡಿದು ಜಗತ್ತನ್ನು ತಮಗೆ ಬೇಕಾದಂತೆ ನೇಯುತ್ತಾರೆ. ನಿನ್ನೆಯನ್ನು ಬಿಚ್ಚುತ್ತಾರೆ, ನಾಳೆಯನ್ನು ಹೆಣೆಯುತ್ತಾರೆ. ನಮ್ಮ ಅಜ್ಜಿಯರ ಕಥೆಗಳಲ್ಲಿ ಏಳು ಸಮುದ್ರಗಳಾಚೆಯ ಗಿಳಿಯೊಳಗೆ ಪ್ರಾಣವಿಟ್ಟ ರಾಕ್ಷಸನಿರಲಿಲ್ಲವೇ? ಇರಲಿ. ಕಥೆಯೊಳಗಿನ ಮಾಂತ್ರಿಕನು ಯಾರಿಂದಲೂ ದಕ್ಷಿಣೆ ಕೇಳುವುದಿಲ್ಲ. ಪುಸ್ತಕ ಮುಚ್ಚಿದೊಡನೆ ತಾನೂ ಮಲಗುತ್ತಾನೆ. ಜಗಳ ಹುಟ್ಟುವುದು ಅವನು ಪುಸ್ತಕದಿಂದಿಳಿದು ನಮ್ಮ ಓಣಿಗೆ ಬಂದು, ಗೋಡೆಯ ಮೇಲೆ “ಸ್ತ್ರೀಪುರುಷ ವಶೀಕರಣ” ಎಂದು ಭಿತ್ತಿಪತ್ರ ಅಂಟಿಸಿ, ಜ್ವರದ ಮಗುವಿನ ತಾಯಿಯ ಸೆರಗಿನ ಗಂಟಿಗೆ ಕೈಹಾಕಿದಾಗ. ಅವನನ್ನು ಎದುರಿಸಲು ಈ ಪಣಜಿಯ ನಡುವೆಯೇ ನಮಗೊಬ್ಬ ಸಾಕ್ಷಿಯಿದ್ದಾನೆ. ಆ ಸಾಕ್ಷಿಯನ್ನೇ ಆರೋಪಿಯ ಪಂಗಡಕ್ಕೆ ಸೇರಿಸಿಬಿಟ್ಟರೆ ನ್ಯಾಯ ಕೇಳುವುದೆಲ್ಲಿ?

ಈ ವಿಗ್ರಹವನ್ನು ಮಾಡಿದವನು ಗೋವೆಯ ಶಿಲ್ಪಿ ರಾಮಚಂದ್ರ ಪಾಂಡುರಂಗ ಕಾಮತ. ಅದನ್ನು ಇಲ್ಲಿ ನಿಲ್ಲಿಸಿದುದು ೧೯೪೫ರಲ್ಲಿ. ಪಕ್ಕದಲ್ಲಿರುವ ಕಟ್ಟಡ ವಿಜಾಪುರದ ಆದಿಲಶಹನ ಅರಮನೆಯಾಗಿದ್ದುದು. ೧೭೫೯ರಿಂದ ಅದು ಪೋರ್ತುಗೀಜ ವೈಸರಾಯರ ನಿವಾಸವಾಯಿತು, ಮುಂದೆ ಸಚಿವಾಲಯವಾಯಿತು, ೨೦೦೦ದವರೆಗೆ ಗೋವೆಯ ವಿಧಾನಸಭೆ ಅಲ್ಲಿಯೇ ಕೂಡುತ್ತಿತ್ತು. ವಿಜಾಪುರ ಬಾಗಲಕೋಟೆಗಳ ಕಡೆಯಿಂದ ದುಡಿಯಲು ಬಂದ ನಮ್ಮ ಜನ ಆ ಅರಮನೆಯ ನೆರಳಿನಲ್ಲಿಯೇ ದಿನವೂ ಹಾದುಹೋಗುತ್ತಾರೆ. ಆದುದರಿಂದ ಆ ವಿಗ್ರಹ ಪರರದು, ನಮಗೇಕೆ ಎಂಬ ಮಾತು ಸಲ್ಲದು. ಚಾಚಿದ ಕೈಗಳನ್ನು ಕಂಡವರಿಗೆ ಮಾಟದ ನೆನಪಾಗುವುದು ಸಹಜವೇ. ಆದರೆ ಶಿಲ್ಪಕ್ಕೆ ನಾಲಗೆಯಿಲ್ಲ, ನಾಲಗೆಯಿರುವುದು ಉಪಾಧ್ಯಾಯನಿಗೆ.

ಜುಜೆ ಕುಸ್ತೋದಿಯೊ ದ ಫಾರಿಯಾ ಹುಟ್ಟಿದುದು ೧೭೫೬ರಲ್ಲಿ, ಬಾರ್ದೇಶದ ಕಾಂದೋಳಿಯಲ್ಲಿ. ತಂದೆತಾಯಿಗಳು ಪರಸ್ಪರ ಬೇರೆಯಾಗಿ, ತಂದೆ ಪಾದ್ರಿಯಾದನು. ತಾಯಿ ಹಳೆಯ ಗೋವೆಯ ಸಾಂತಾ ಮೋನಿಕಾ ಮಠವನ್ನು ಸೇರಿದಳು. ೧೭೭೧ರಲ್ಲಿ ತಂದೆಯು ಹದಿನೈದರ ಮಗನನ್ನು ಕರೆದುಕೊಂಡು ಹಡಗು ಹತ್ತಿ ಲಿಸ್ಬನ್ನಿಗೆ ಹೋದನು. ಮಗನು ರೋಮಿನಲ್ಲಿ ಓದಿ ೧೭೮೦ರಲ್ಲಿ ಪಾದ್ರಿದೀಕ್ಷೆ ಪಡೆದನು. ೧೭೮೭ರಲ್ಲಿ ಗೋವೆಯಲ್ಲಿ ಪೋರ್ತುಗೀಜರ ವಿರುದ್ಧ ಪಿಂಟೋಗಳ ಬಂಡಾಯದ ಸಂಚು ಹೊರಬಿದ್ದಾಗ ಸಂಶಯದ ಕಣ್ಣು ಈ ತಂದೆಮಕ್ಕಳ ಕಡೆಗೂ ತಿರುಗಿತು. ಮಗನು ಪ್ಯಾರಿಸ್ಸಿಗೆ ಹೊರಟುಹೋದನು. ಅಲ್ಲಿ ಫ್ರೆಂಚ್ ಮಹಾಕ್ರಾಂತಿಯ ನಡುವೆ ಸಿಕ್ಕಿ, ೧೭೯೫ರಲ್ಲಿ ದಂಗೆಯೆದ್ದವರ ಒಂದು ತುಕಡಿಗೆ ಮುಂದಾಳಾದನು. ಮುಂದೆ ಮಾರ್ಸೇಲ್ಸಿನಲ್ಲಿ ತತ್ತ್ವಶಾಸ್ತ್ರದ ಅಧ್ಯಾಪಕನಾದನು. ಅಧ್ಯಾಪಕನೆಂಬ ಈ ಒಂದು ಮಾತನ್ನು ನಮ್ಮ ವೃತ್ತಿಬಾಂಧವರು ಮನಸ್ಸಿನಲ್ಲಿಡಬೇಕು. ಆತನು ನಮ್ಮವನು.

ಆತನ ಯೌವನದ ಒಂದು ಪ್ರಸಂಗ ಗೋವೆಯಲ್ಲಿ ಮನೆಮಾತಾಗಿದೆ. ಪೋರ್ತುಗಾಲಿನ ರಾಣಿಯೂ ಆಸ್ಥಾನದ ದೊಡ್ಡವರೂ ನೆರೆದ ಪ್ರಾರ್ಥನಾಮಂದಿರದಲ್ಲಿ ಉಪದೇಶ ಮಾಡಲು ಪೀಠವೇರಿದ ತರುಣ ಫಾರಿಯಾನಿಗೆ ಆ ವೈಭವವನ್ನು ಕಂಡು ನಾಲಗೆ ಕಟ್ಟಿತಂತೆ. ಆಗ ಕೆಳಗೆ ಕುಳಿತ ತಂದೆಯು ಕೊಂಕಣಿಯಲ್ಲಿ “ಹೀ ಸೊಗ್ಳಿ ಭಾಜಿ, ಕಾತರ್ ರೇ ಭಾಜಿ” ಎಂದು ಪಿಸುಗುಟ್ಟಿದನಂತೆ. ಇವರೆಲ್ಲ ಬರಿಯ ಕಾಯಿಪಲ್ಲೆ, ಕತ್ತರಿಸು ಮಗನೇ, ಎಂದು ಅದರ ತಾತ್ಪರ್ಯ. ಒಡನೆಯೇ ಭಯ ಹಾರಿಹೋಗಿ ಮಾತು ಹರಿಯಿತಂತೆ. ಈ ಮಾತಿನಿಂದ ರಾಣಿಯು ಬದನೆಕಾಯಿಯಾಗಲಿಲ್ಲ; ಮಂತ್ರಿಗಳು ಕುಂಬಳಕಾಯಿಯಾಗಲಿಲ್ಲ. ಹೊರಗಿನ ಜಗತ್ತಿನ ಒಂದೆಳೆಯೂ ಅಲುಗಲಿಲ್ಲ. ಅಲುಗಿದುದು ಕೇಳಿದವನ ಮನಸ್ಸು ಮಾತ್ರ. ತನ್ನ ಮನೆಯ ಭಾಷೆಯಲ್ಲಿ, ತಾನು ನಂಬುವ ದನಿಯಲ್ಲಿ ಬಂದ ನಾಲ್ಕು ಶಬ್ದಗಳು ಒಬ್ಬ ಮನುಷ್ಯನ ಪಾಲಿಗೆ ಇಡೀ ಆಸ್ಥಾನವನ್ನು ಬೇರೆಯಾಗಿಸಿದುವು. ಫಾರಿಯಾನ ಮುಂದಿನ ಶಾಸ್ತ್ರದ ಬೀಜ ಇದರಲ್ಲಿಯೇ ಇದೆ.

ಆತನು ಎದುರಿಸಿದ ಮಾಂತ್ರಿಕರ ಪಂಥ ಯಾವುದು? ಅದು ಕಥೆಯದಲ್ಲ, ಪ್ಯಾರಿಸ್ ನಗರದಲ್ಲಿ ನಿಜವಾಗಿಯೇ ಹುಟ್ಟಿಕೊಂಡದ್ದು. ೧೭೭೮ರಲ್ಲಿ ವಿಯೆನ್ನಾದಿಂದ ಅಲ್ಲಿಗೆ ಬಂದ ಮೆಸ್ಮರ್ ಎಂಬ ವೈದ್ಯನು, ವಿಶ್ವವನ್ನೆಲ್ಲ ತುಂಬಿರುವ ಒಂದು ಅದೃಶ್ಯ ದ್ರವವಿದೆಯೆಂದೂ, ಅದು ಶರೀರದಲ್ಲಿ ತಡೆದು ನಿಂತರೆ ರೋಗವೆಂದೂ, ಅದನ್ನು ಹರಿಸುವ ಶಕ್ತಿ ತನಗಿದೆಯೆಂದೂ ಸಾರಿದನು. ಮಬ್ಬುಬೆಳಕಿನ ಕೋಣೆಯಲ್ಲಿ ದೊಡ್ಡದೊಂದು ಮರದ ತೊಟ್ಟಿ, ಅದರಲ್ಲಿ ನೀರು, ಕಬ್ಬಿಣದ ಪುಡಿ, ಗಾಜಿನ ಚೂರು, ಮುಚ್ಚಳದಿಂದ ಹೊರಚಾಚಿದ ಕಬ್ಬಿಣದ ಸರಳುಗಳು, ಅವುಗಳನ್ನು ಹಿಡಿದು ಸುತ್ತಲೂ ಕುಳಿತ ರೋಗಿಗಳು, ಮೆಲ್ಲನೆಯ ಸಂಗೀತ, ನಡುವೆ ಬಣ್ಣದ ರೇಶ್ಮೆಯ ನಿಲುವಂಗಿಯಲ್ಲಿ ಮೆಸ್ಮರ್. ಜನ ನಡುಗಿದರು, ಅತ್ತರು, ಮೂರ್ಛೆಹೋದರು. ೧೭೮೩ರಲ್ಲಿ ಆತನ ಶಿಷ್ಯರು “ಸಾಮರಸ್ಯ ಸಂಘ”ವೆಂಬ ಪಂಥವನ್ನು ಕಟ್ಟಿದರು. ಒಬ್ಬೊಬ್ಬ ಸದಸ್ಯನು ನೂರು ಲೂಯಿ ಚಿನ್ನದ ನಾಣ್ಯಗಳನ್ನು ಎಣಿಸಬೇಕು, ರಹಸ್ಯವನ್ನು ಬಯಲುಮಾಡೆನೆಂದು ಪ್ರಮಾಣಮಾಡಬೇಕು. ದುಡ್ಡು, ಗುಟ್ಟು, ನಿಲುವಂಗಿ: ಈ ಮೂರೂ ಕೂಡಿದಲ್ಲಿ ಮಾಂತ್ರಿಕರ ಪಂಥ ಹುಟ್ಟಲು ಮತ್ತೇನು ಬೇಕು?

ಮರುವರ್ಷವೇ, ೧೭೮೪ರಲ್ಲಿ, ಹದಿನಾರನೆಯ ಲೂಯಿ ಅರಸನು ಇದರ ಪರೀಕ್ಷೆಗಾಗಿ ಪಂಡಿತರ ಮಂಡಲಿಯೊಂದನ್ನು ನೇಮಿಸಿದನು. ಸಿಡಿಲನ್ನು ಅರಿತ ಬೆಂಜಮಿನ್ ಫ್ರಾಂಕ್ಲಿನ್, ರಸಾಯನಶಾಸ್ತ್ರದ ಲಾವೊಸಿಯೆ ಅದರಲ್ಲಿದ್ದರು. ಅವರು ಮಾಡಿದ ಒಂದು ಪ್ರಯೋಗವನ್ನು ನಮ್ಮ ಮಕ್ಕಳು ಬಾಯಿಪಾಠವಾಗಿ ಅಲ್ಲ, ಅರ್ಥವಾಗಿ ಕಲಿಯಬೇಕು. ಫ್ರಾಂಕ್ಲಿನ್ನನ ತೋಟದಲ್ಲಿ ಮೆಸ್ಮರನ ಶಿಷ್ಯನೊಬ್ಬನು ಒಂದು ಜರ್ದಾಳು ಮರಕ್ಕೆ ತನ್ನ ಶಕ್ತಿಯನ್ನು ತುಂಬಿದನು. ಅನಂತರ ಹನ್ನೆರಡು ವರ್ಷದ ಹುಡುಗನೊಬ್ಬನ ಕಣ್ಣುಕಟ್ಟಿ ತಂದು, ಒಂದೊಂದೇ ಮರವನ್ನು ತಬ್ಬಿಕೊಳ್ಳಲು ಹೇಳಿದರು. ಮೊದಲನೆಯ ಮರದಲ್ಲಿ ಹುಡುಗನು ಬೆವರಿದನು; ಮರದಿಂದ ಮರಕ್ಕೆ ಅವನ ಸಂಕಟ ಏರುತ್ತ ಹೋಯಿತು; ನಾಲ್ಕನೆಯದರಲ್ಲಿ ಮೂರ್ಛೆಹೋಗಿ ಬಿದ್ದನು. ಆದರೆ ಆ ನಾಲ್ಕರಲ್ಲಿ ಯಾವ ಮರಕ್ಕೂ ಶಕ್ತಿ ತುಂಬಿರಲಿಲ್ಲ! ತುಂಬಿದ ಮರ ಅವನು ಬಿದ್ದ ಜಾಗದಿಂದ ಇಪ್ಪತ್ತನಾಲ್ಕು ಅಡಿ ದೂರದಲ್ಲಿತ್ತು. ಹುಡುಗನು ಸುಳ್ಳು ನಟಿಸಲಿಲ್ಲ. ಬೆವರು ನಿಜ, ಮೂರ್ಛೆ ನಿಜ. ಮರದ ಶಕ್ತಿ ಮಾತ್ರ ಸುಳ್ಳು. ಕಲ್ಪನೆಯಿದ್ದು ದ್ರವವಿಲ್ಲದಿದ್ದರೂ ಮೈ ನಡುಗುತ್ತದೆ, ದ್ರವವಿದೆಯೆಂದರೂ ಕಲ್ಪನೆಯಿಲ್ಲದಿದ್ದರೆ ಏನೂ ಆಗುವುದಿಲ್ಲವೆಂದು ಪಂಡಿತರು ತೀರ್ಮಾನಿಸಿದರು.

ಪಂಡಿತರು ಇಷ್ಟನ್ನು ಹೇಳಿ ಕೈತೊಳೆದುಕೊಂಡರು. ಕಲ್ಪನೆ ಎಂದಾಕ್ಷಣ ಅದು ನಿಕೃಷ್ಟವೆಂಬುದು ಅವರ ಭಾವನೆ. ಮೆಸ್ಮರನ ಪಂಥದವರಾದರೋ ದ್ರವವನ್ನು ಬಿಡಲೊಲ್ಲದೆ, ಮಾಂತ್ರಿಕನ ಇಚ್ಛಾಶಕ್ತಿಯ ಮಹಿಮೆಯನ್ನು ಹಾಡುತ್ತ ಉಳಿದರು. ಈ ಎರಡು ಪಕ್ಷಗಳ ನಡುವೆ ನಮ್ಮ ಕಾಂದೋಳಿಯ ಪಾದ್ರಿ ೧೮೧೩ರಲ್ಲಿ ಪ್ಯಾರಿಸ್ಸಿನ ಕ್ಲೀಶಿ ಬೀದಿಯಲ್ಲಿ ಐದು ಫ್ರಾಂಕ್ ಪ್ರವೇಶಧನವಿಟ್ಟು ಬಹಿರಂಗ ಉಪನ್ಯಾಸಗಳನ್ನು ಆರಂಭಿಸಿದನು. ತೊಟ್ಟಿಯಿಲ್ಲ, ಸರಳಿಲ್ಲ, ಗುಟ್ಟಿನ ಪ್ರಮಾಣವಿಲ್ಲ. ಒಂದು ಒರಗುಕುರ್ಚಿ, ಅದರಲ್ಲಿ ಕುಳಿತವನಿಗೆ ಕಣ್ಣುಮುಚ್ಚಿ ನಿದ್ರೆಯಲ್ಲಿಯೇ ಮನಸ್ಸನ್ನು ನಿಲ್ಲಿಸಲು ಹೇಳುವುದು, ತುಸು ಹೊತ್ತಿನ ಮೇಲೆ ಗಟ್ಟಿದನಿಯಲ್ಲಿ “ಮಲಗು!” ಎಂದು ಆಜ್ಞಾಪಿಸುವುದು. ಕೆಲವರು ಮಲಗಿದರು, ಕೆಲವರು ಮಲಗಲಿಲ್ಲ. ಮಲಗಿದವರನ್ನು ತೋರಿಸಿ ಫಾರಿಯಾ ಸಭೆಗೆ ಹೇಳಿದ ತತ್ತ್ವವಿದು: ನನ್ನಿಂದ ಯಾವ ದ್ರವವೂ ಹರಿದಿಲ್ಲ, ನನ್ನ ಇಚ್ಛೆಯೂ ಇವರನ್ನು ಮಲಗಿಸಿಲ್ಲ, ನಿದ್ರೆಯ ಕಾರಣ ಮಲಗಿದವನಲ್ಲಿಯೇ ಇದೆ. ಈ ಸ್ಥಿತಿಗೆ ಆತನು ಕೊಟ್ಟ ಹೆಸರನ್ನು ಕನ್ನಡದಲ್ಲಿ “ತಿಳಿನಿದ್ರೆ” ಎನ್ನಬಹುದು. ಅದನ್ನು ಉಂಟುಮಾಡುವ ಕ್ರಮಕ್ಕೆ ಆತನಿಟ್ಟ ಹೆಸರು “ಏಕಾಗ್ರತೆ.” ನಮ್ಮವರು ಇದನ್ನೇ “ವಶೀಕರಣ”ವೆಂದು ಕರೆದು ತತ್ತ್ವವನ್ನು ತಲೆಕೆಳಗು ಮಾಡಿದ್ದಾರೆ. ಯಾರೂ ಯಾರ ವಶವೂ ಅಲ್ಲವೆಂಬುದೇ ಫಾರಿಯಾನ ಮಾತಿನ ಸಾರ.

ಇಲ್ಲಿ ಕಾಲವನ್ನೂ ವಾಸ್ತವವನ್ನೂ ನೇಯುವ ಮಾತಿಗೆ ಬರೋಣ. ಇಂತಹ ನಿದ್ರೆಯಲ್ಲಿ ಅರ್ಧಗಂಟೆ ಕಳೆದವನು ಎದ್ದು, ಹತ್ತು ನಿಮಿಷವಾಗಿರಬಹುದು ಎನ್ನುವುದುಂಟು. ನಡೆಯದ ಸಂಗತಿಯನ್ನು ನಡೆದಂತೆ ನೆನೆಯುವುದೂ ಉಂಟು. ಅದಕ್ಕಾಗಿಯೇ ಇಂದಿನ ತಿಳಿವಳಿಕೆಯುಳ್ಳವರು ಈ ಸ್ಥಿತಿಯಲ್ಲಿ ಕೊಟ್ಟ ಸಾಕ್ಷ್ಯವನ್ನು ಸಂಶಯದಿಂದ ನೋಡುತ್ತಾರೆ. ಹಾಗಿದ್ದರೆ ಕಾಲವನ್ನು ಕುಗ್ಗಿಸಿದವರು ಯಾರು? ಇಲ್ಲದ ನಿನ್ನೆಯನ್ನು ನೇಯ್ದವರು ಯಾರು? ಗೋಡೆಯ ಗಡಿಯಾರ ಅರ್ಧಗಂಟೆಯನ್ನೇ ತೋರಿಸುತ್ತಿದೆ. ನೇಕಾರನು ಹೊರಗಿಲ್ಲ. ಹೊರಗಿನವನು ಕೊಟ್ಟುದು ಒಂದು ಸೂಚನೆ ಮಾತ್ರ. ಮಗ್ಗವೂ ನೂಲೂ ನೇಕಾರನೂ ಕೇಳಿದವನ ಮನಸ್ಸೇ. ಈ ಮಾತು ತಿಳಿದವನಿಗೆ ಮಾಂತ್ರಿಕರ ಪಂಥದ ಅರ್ಧ ಅಂಗಡಿ ಆ ಕ್ಷಣವೇ ಮುಚ್ಚಿಹೋಗುತ್ತದೆ.

ಫಾರಿಯಾ ಹೇಳಿದುದೆಲ್ಲ ಸರಿಯೆಂದು ನಾವು ವಾದಿಸುವುದಿಲ್ಲ. ರಕ್ತ ತೆಳುವಾದವರು ಬೇಗ ಮಲಗುತ್ತಾರೆಂದು ಆತನು ತಿಳಿದಿದ್ದನು; ಮಲಗಿದವರಿಗೆ ಮರೆಯಲ್ಲಿರುವುದನ್ನು ಅರಿಯುವ ಒಳದೃಷ್ಟಿ ಬರುತ್ತದೆಂದೂ ನಂಬಿದ್ದನು. ಮುಂದಿನ ಶಾಸ್ತ್ರ ಈ ಎರಡನ್ನೂ ಕೈಬಿಟ್ಟಿತು. ಒಬ್ಬ ಗುರುವಿನ ಮಾತಿನಲ್ಲಿ ಕಾಳನ್ನೂ ಜೊಳ್ಳನ್ನೂ ಬೇರೆಮಾಡಲು ಶಾಸ್ತ್ರದಲ್ಲಿ ಅವಕಾಶವಿದೆ. ಮಾಂತ್ರಿಕನ ಮಾತಿಗೆ ಮೊರ ಹಿಡಿದು ನೋಡಿ; ಆತನು ಶಪಿಸುತ್ತಾನೆ.

ಆತನಿಗೆ ದೊರೆತ ಪ್ರತಿಫಲವೇನು? ೧೮೧೬ರಲ್ಲಿ ಪ್ಯಾರಿಸ್ಸಿನ ರಂಗಭೂಮಿಯಲ್ಲಿ ಆತನನ್ನು ಅಣಕಿಸುವ ಪ್ರಹಸನವೊಂದು ನಡೆಯಿತು, ಊರೇ ನಕ್ಕಿತು. ೧೮೧೯ರಲ್ಲಿ ತನ್ನ ಗ್ರಂಥದ ಮೊದಲ ಸಂಪುಟ ಹೊರಬಂದ ವರ್ಷವೇ ಆತನು ತೀರಿಕೊಂಡನು. ೧೮೪೪ರಲ್ಲಿ ಅಲೆಕ್ಸಾಂಡರ್ ಡ್ಯೂಮಾ ಆತನ ಹೆಸರನ್ನು ತನ್ನ “ಮೊಂತೆಕ್ರಿಸ್ತೋ” ಕಾದಂಬರಿಯ ಬಂದಿಯಾದ ಪಾದ್ರಿಗೆ ಕೊಟ್ಟನು; ಲೋಕ ಆ ಕಟ್ಟುಕಥೆಯ ಫಾರಿಯಾನನ್ನು ಬಲ್ಲುದು, ಕಾಂದೋಳಿಯವನನ್ನಲ್ಲ. ಆದರೆ ಆತನ ತತ್ತ್ವ ಸಾಯಲಿಲ್ಲ. ಮ್ಯಾಂಚೆಸ್ಟರಿನ ವೈದ್ಯ ಬ್ರೇಡ್ ೧೮೪೩ರ ತನ್ನ ಗ್ರಂಥದಲ್ಲಿ ಇದೇ ವಿಷಯಕ್ಕೆ ಹಿಪ್ನಾಟಿಸಂ ಎಂಬ ಹೆಸರಿನ ದಾರಿ ತೆರೆದನು. ನಮ್ಮ ದೇಶದ ಹೂಗ್ಲಿಯಲ್ಲಿ ೧೮೪೫ರಿಂದ ಎಸ್ಡೇಲ್ ಎಂಬ ವೈದ್ಯನು, ಈಥರ್ ಕ್ಲೋರೋಫಾರ್ಮ್‌ಗಳು ಬಳಕೆಗೆ ಬರುವ ಮೊದಲೇ, ಇಂತಹ ನಿದ್ರೆಯಲ್ಲಿ ರೋಗಿಗಳಿಗೆ ಶಸ್ತ್ರಚಿಕಿತ್ಸೆ ಮಾಡಿದನು. ಫ್ರಾನ್ಸಿನ ನಾನ್ಸಿ ಊರಿನ ಬರ್ನ್‌ಹೈಮ್, ಎಲ್ಲವೂ ಸೂಚನೆಯ ಫಲವೆಂಬ ತತ್ತ್ವದ ಮೊದಲಿಗನು ಫಾರಿಯಾನೇ ಎಂದು ಮನ್ನಿಸಿದನು. ೧೯೦೬ರಲ್ಲಿ ಗೋವೆಯವನೇ ಆದ ಡಾಕ್ಟರ್ ದಾಲ್ಗಾದೊ ಆತನ ಚರಿತ್ರೆಯನ್ನು ಬರೆದನು. ೧೯೫೫ರಲ್ಲಿ ಬ್ರಿಟಿಷ್ ವೈದ್ಯಸಂಘವು ನೋವನ್ನು ಕಡಿಮೆಮಾಡುವುದಕ್ಕೂ ಕೆಲವು ಮನೋರೋಗಗಳಿಗೂ ಇದು ಉಪಯುಕ್ತವೆಂದು ಒಪ್ಪಿತು. ಇಷ್ಟಾದ ಮೇಲೂ ಪಣಜಿಯಲ್ಲಿ ನಿಂತು “ಮಾಟಗಾರ” ಎನ್ನುವವರಿಗೆ ಏನೆನ್ನೋಣ?

ಈಗ ನಮ್ಮ ಮನೆಗಳ ಕಡೆ ತಿರುಗೋಣ. ಬೀದರ ಕಲಬುರಗಿಗಳ ಸೀಮೆಯಲ್ಲಿ “ಭಾನಾಮತಿ” ಎಂಬ ಹೆಸರನ್ನು ಕೇಳದವರಿಲ್ಲ. ಮನೆಯ ಮೇಲೆ ಕಲ್ಲು ಬೀಳುತ್ತವೆ, ಬಟ್ಟೆಗೆ ಬೆಂಕಿ ಹತ್ತುತ್ತದೆ, ಒಬ್ಬ ಹೆಂಗಸು ನಾಯಿಯಂತೆ ಬೊಗಳುತ್ತಾಳೆ. ನೋಡಿದ ಇನ್ನೊಬ್ಬಳು ಬೊಗಳುತ್ತಾಳೆ. ಆಮೇಲೆ ಓಣಿಯೇ ನಡುಗುತ್ತದೆ. ಕಲ್ಲೆಸೆದ ಕೈ, ಬೆಂಕಿ ಹಚ್ಚಿದ ಕೈ ಹುಡುಕಿದರೆ ಸಿಕ್ಕುವ ಮನುಷ್ಯರ ಕೈ. ಬೊಗಳುವ ಹೆಂಗಸಾದರೋ ಫ್ರಾಂಕ್ಲಿನ್ನನ ತೋಟದ ಹುಡುಗನ ಅಕ್ಕ. ಆಕೆಯ ಸಂಕಟ ನಿಜ. ಮಾಡಿದವನ ಶಕ್ತಿ ಸುಳ್ಳು. ಸೊಸೆಯಾಗಿ ಬಂದ ಮನೆಯಲ್ಲಿ ಬಾಯಿಬಿಟ್ಟು ಹೇಳಲಾಗದ ದುಃಖ ಹೀಗೆ ದೇಹದ ಬಾಯಿಂದ ಬರುತ್ತದೆಂಬುದನ್ನು ಮನೋವೈದ್ಯರು ಕನ್ನಡದಲ್ಲಿಯೇ ತಿಳಿಯಹೇಳಿದ್ದಾರೆ. ಡಾಕ್ಟರ್ ಸಿ. ಆರ್. ಚಂದ್ರಶೇಖರರ ಸುಲಭ ಪುಸ್ತಕಗಳು ನಮ್ಮ ಶಾಲೆಗಳ ಕಪಾಟಿನಲ್ಲಿರಬೇಕಾದುವು. ಆದರೆ ಆ ಹೆಂಗಸಿಗೆ ದೊರೆಯುವುದೇನು? ಬೇವಿನ ಕಟ್ಟಿಗೆಯ ಪೆಟ್ಟು, ಮೆಣಸಿನಕಾಯಿಯ ಹೊಗೆ. ಜೊತೆಗೆ ನೆರೆಮನೆಯ ಬಡ ಮುದುಕಿಯೊಬ್ಬಳಿಗೆ ಮಾಟಗಾತಿಯೆಂಬ ಪಟ್ಟ.

ಇಲ್ಲಿ ಒಂದು ಒರೆಗಲ್ಲನ್ನು ಓದುಗರ ಕೈಗೆ ಕೊಡಲಿಚ್ಛಿಸುತ್ತೇವೆ. ಮಾಂತ್ರಿಕನೂ ಗಟ್ಟಿದನಿಯಲ್ಲಿ ಆಜ್ಞಾಪಿಸುತ್ತಾನೆ, ಫಾರಿಯಾನೂ ಆಜ್ಞಾಪಿಸಿದನು. ಇಬ್ಬರ ಮುಂದೆಯೂ ಮನುಷ್ಯರು ಮೈಮರೆತರು. ಭೇದವೆಲ್ಲಿ? ಫಾರಿಯಾ “ಶಕ್ತಿ ನಿನ್ನದು” ಎಂದನು. ಮಾಂತ್ರಿಕನು “ಶಕ್ತಿ ನನ್ನದು, ದಕ್ಷಿಣೆ ಇಡು” ಎನ್ನುತ್ತಾನೆ. ಒಬ್ಬನು ಗುಟ್ಟನ್ನು ಸಭೆಯಲ್ಲಿ ಬಿಚ್ಚಿದನು. ಇನ್ನೊಬ್ಬನು ಇಲ್ಲದ ಗುಟ್ಟನ್ನು ಗಂಟುಕಟ್ಟುತ್ತಾನೆ. ಯಾವ ಗುರುವನ್ನಾಗಲಿ, ವೈದ್ಯನನ್ನಾಗಲಿ, ಮುಂದಾಳನ್ನಾಗಲಿ ಈ ಕಲ್ಲಿಗೆ ಉಜ್ಜಿ ನೋಡಿ. ಚಿನ್ನವೋ ಹಿತ್ತಾಳೆಯೋ ತಾನಾಗಿ ತಿಳಿಯುತ್ತದೆ.

“ಮಂತ್ರ ಹಾಕಿಸಿದರೆ ಕೆಲವರಿಗೆ ಗುಣವಾಗುವುದಿಲ್ಲವೇ?” ಎಂಬ ಆಕ್ಷೇಪ ಬರುತ್ತದೆ. ಆಗಬಹುದು, ಭಯದಿಂದ ಬಂದ ನೋವು ಧೈರ್ಯದಿಂದ ಹೋಗುತ್ತದೆ. ಆದರೆ ಹಾವಿನ ವಿಷಕ್ಕೆ ಕಿವಿಯಿಲ್ಲ. ನಮ್ಮ ನಾಡಿನ ಹಾವುಗಳಲ್ಲಿ ಹೆಚ್ಚಿನವು ನಿರ್ವಿಷ. ಪ್ರಾಣಕ್ಕೆರವಾಗುವವುಗಳಲ್ಲಿ ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಈ ನಾಲ್ಕು ಮುಖ್ಯ. ಕೇರೆ ಕಚ್ಚಿದವನನ್ನು ಬದುಕಿಸಿದ ಕೀರ್ತಿಯನ್ನು ಮಾಂತ್ರಿಕನು ಕೂಡಿಡುತ್ತಾನೆ. ಆ ಕೀರ್ತಿಯನ್ನು ನಂಬಿ ಬಂದ ನಾಗರ ಕಚ್ಚಿದವನು ಸಾಯುತ್ತಾನೆ. ಅದು ಅವನ ಕರ್ಮವೆನಿಸಿಕೊಳ್ಳುತ್ತದೆ! ಮೂರ್ಛೆರೋಗಕ್ಕೆ ತಾಯತ ಕಟ್ಟುವವರು ಇಂದಿಗೂ ಇದ್ದಾರೆ. ಸರಿಯಾದ ಔಷಧ ದೊರೆತರೆ ನೂರಕ್ಕೆ ಎಪ್ಪತ್ತು ಮಂದಿ ಆ ರೋಗಿಗಳು ಮೂರ್ಛೆಯಿಲ್ಲದೆ ಬಾಳಬಲ್ಲರು. ಹುಚ್ಚುನಾಯಿ ಕಚ್ಚಿದವನಿಗೆ ರೋಗದ ಲಕ್ಷಣ ತೋರಿದ ಮೇಲೆ ಬದುಕುವ ಆಸೆ ಇಲ್ಲವೆಂದೇ ಹೇಳಬೇಕು; ಸೂಜಿಮದ್ದು ಅದಕ್ಕೆ ಮೊದಲೇ ಬೀಳಬೇಕು. ಪಣಜಿಯಲ್ಲಿ ವೈದ್ಯಶಾಲೆ ಸ್ಥಾಪಿತವಾದುದು ೧೮೪೨ರಲ್ಲಿ. ಅಷ್ಟು ಹಿಂದೆಯೇ ವೈದ್ಯವಿದ್ಯೆ ನೆಲೆಗೊಂಡ ಊರಿನಲ್ಲಿ ನಮ್ಮ ಕೂಲಿಯವರ ಮಗು ಮೊದಲು ಮಾಂತ್ರಿಕನ ಬಾಗಿಲಿಗೆ ಹೋಗುವುದು ಯಾವ ನ್ಯಾಯ?

“ನಮ್ಮದು ಸಿದ್ಧರ ನಾಡು, ಪರಂಪರೆಯನ್ನು ತೂರಿಬಿಡುತ್ತೀರಾ?” ಎಂಬುದು ಎರಡನೆಯ ಆಕ್ಷೇಪ. ಪರಂಪರೆಯನ್ನೇ ಸಾಕ್ಷಿಗೆ ಕರೆಯೋಣ. ಶೂನ್ಯಸಂಪಾದನೆಯಲ್ಲಿ ಗೋರಕ್ಷನ ಪ್ರಸಂಗವಿದೆ. ತನ್ನದು ವಜ್ರಕಾಯವೆಂದು ಬೀಗಿದ ಆ ಸಿದ್ಧನ ಮೈಗೆ ಅಲ್ಲಮನು ಕತ್ತಿ ಬೀಸಿದರೆ ಖಣಿಲೆಂಬ ಸದ್ದಾಯಿತು, ಗಾಯವಾಗಲಿಲ್ಲ. ಗೋರಕ್ಷನು ಅಲ್ಲಮನಿಗೆ ಬೀಸಿದರೆ ಕತ್ತಿ ಬಯಲಲ್ಲಿ ಹಾದಂತೆ ಹಾದುಹೋಯಿತು. ಅಲ್ಲಿ ಸೋತವನು ಮೈಯನ್ನು ಕಲ್ಲಾಗಿಸಿದ ಸಿದ್ಧನೇ. ಇದು ಚರಿತ್ರೆಯಲ್ಲ, ಕಥೆ. ಆದರೆ ಆ ಕಥೆಯನ್ನು ಕಟ್ಟಿದ ಕನ್ನಡಿಗರು ಯಾವ ಪಕ್ಷದವರೆಂಬುದು ಸ್ಪಷ್ಟ: ಸಿದ್ಧಿಯ ಪ್ರದರ್ಶನವನ್ನು ಅವರು ದೊಡ್ಡದೆಂದು ಬಗೆಯಲಿಲ್ಲ. ಶುಭಲಗ್ನ, ಶಕುನಗಳ ಹೆಸರಿನಲ್ಲಿ ಕಾಲವನ್ನು ಮಾರುವವರನ್ನು ವಚನಕಾರರು ಹಳಿದರು, ಸರ್ವಜ್ಞನು ನಕ್ಕನು. ನಮ್ಮ ಕಾಲಕ್ಕೆ ಬಂದರೆ, ಬೆಂಗಳೂರು ವಿಶ್ವವಿದ್ಯಾನಿಲಯದ ಉಪಕುಲಪತಿಗಳಾಗಿದ್ದ ಡಾಕ್ಟರ್ ಎಚ್. ನರಸಿಂಹಯ್ಯನವರು ೧೯೭೬ರಲ್ಲಿ ಪವಾಡಗಳ ಪರೀಕ್ಷೆಗೆ ಸಮಿತಿಯನ್ನೇ ನೇಮಿಸಿದರು. ಪ್ರಶ್ನಿಸುವುದೂ ನಮ್ಮ ಪರಂಪರೆಯೇ. ಮಾಂತ್ರಿಕನಿಗೆ ಮಾತ್ರ ಪರಂಪರೆಯ ಪಿತ್ರಾರ್ಜಿತವನ್ನು ಬರೆದುಕೊಟ್ಟವರು ಯಾರು?

ಕರ್ನಾಟಕದಲ್ಲಿ ಅಮಾನವೀಯ ದುಷ್ಟಪದ್ಧತಿಗಳನ್ನೂ ವಾಮಾಚಾರವನ್ನೂ ತಡೆಯುವ ೨೦೧೭ರ ಕಾಯಿದೆ ೨೦೨೦ರಲ್ಲಿ ಜಾರಿಗೆ ಬಂದಿದೆ. ಹಾವು, ಚೇಳು, ನಾಯಿ ಕಚ್ಚಿದವರನ್ನು ವೈದ್ಯರ ಬಳಿಗೆ ಹೋಗದಂತೆ ತಡೆದು ಮಂತ್ರ ಹಾಕುವುದು ಅದರಂತೆ ಅಪರಾಧ. ವೈಜ್ಞಾನಿಕ ಮನೋಭಾವವನ್ನು ಬೆಳೆಸುವುದು ಪ್ರತಿಯೊಬ್ಬ ಪ್ರಜೆಯ ಕರ್ತವ್ಯವೆಂದು ನಮ್ಮ ಸಂವಿಧಾನದಲ್ಲಿ ಬರೆದಿದೆ. ಇವೆರಡೂ ಒಳ್ಳೆಯವೇ. ಆದರೆ ಕಾಯಿದೆಯು ಮಾಂತ್ರಿಕನ ಕೈಹಿಡಿಯಬಲ್ಲುದೇ ಹೊರತು ನಂಬುವವನ ಮನಸ್ಸನ್ನು ಎಚ್ಚರಿಸಲಾರದು. ಆ ಕೆಲಸ ಶಾಲೆಯದು.

ಶಾಲೆಯೆಂದ ಮೇಲೆ ಎಲ್ಲಕ್ಕಿಂತ ದೊಡ್ಡ ಮಾಟವೊಂದರ ಮಾತನ್ನು ಹೇಳದೆ ಮುಗಿಸಲಾರೆವು. ಪರನಾಡಿನಲ್ಲಿರುವ ಕನ್ನಡ ಶಾಲೆಯ ಮಗುವಿಗೆ ದಿನವೂ ಒಂದು ಸೂಚನೆ ಕಿವಿಗೆ ಬ
ೀಳುತ್ತದೆ: “ನೀನು ಕೂಲಿಯವರ ಮಗು, ನಿನ್ನ ಭಾಷೆಯಿಂದ ಇಲ್ಲಿ ಏನೂ ಆಗದು, ನೀನು ದಡ್ಡ.” ಬಸ್ಸಿನಲ್ಲಿ, ಪೇಟೆಯಲ್ಲಿ, ನೆಂಟರ ಮನೆಯಲ್ಲಿ ಇದೇ ಮಾತು. ನಮ್ಮ ವೃತ್ತಿಬಾಂಧವರಲ್ಲಿಯೂ ಕೆಲವರು ಬೆತ್ತದ ಜೊತೆಗೆ ಇದನ್ನೇ ಗಟ್ಟಿದನಿಯಲ್ಲಿ ಆಜ್ಞಾಪಿಸುತ್ತಾರೆ. ಮಗು ಕಣ್ಣು ಮುಚ್ಚುತ್ತದೆ, ನಂಬುತ್ತದೆ, ಮಲಗುತ್ತದೆ. ಉತ್ತರ ಬಲ್ಲ ಮಗುವಿನ ಕೈ ಮೇಲೇಳುವುದಿಲ್ಲ. ಇದಕ್ಕಿಂತ ಬೇರೆ ವಶೀಕರಣ ಯಾವುದು? ಆಸ್ಥಾನದ ಮುಂದೆ ತೊದಲಿದ ಗೋವೆಯ ತರುಣನಿಗೆ ಎಚ್ಚರ ಬಂದುದು ಲ್ಯಾಟಿನ್ನಿನಿಂದಲ್ಲ, ಪೋರ್ತುಗೀಜಿನಿಂದಲ್ಲ. ತಾಯ್ನುಡಿಯ ನಾಲ್ಕು ಶಬ್ದಗಳಿಂದ. ಈ ಕಥೆಯನ್ನು ಬಲ್ಲ ಊರಿನಲ್ಲಿ ಕನ್ನಡದ ಮಗುವಿಗೆ ಕನ್ನಡದಲ್ಲಿ ಧೈರ್ಯ ಹೇಳುವವರಿಲ್ಲದಿದ್ದರೆ ಅದು ನಾಚಿಕೆಗೇಡು.

ಆದುದರಿಂದ ಉಪಾಧ್ಯಾಯ ಬಂಧುಗಳಲ್ಲಿ ನಮ್ಮ ಬಿನ್ನಹ ಮೂರು. ಒಂದು: ಮಕ್ಕಳನ್ನು ವಿಗ್ರಹದ ಮುಂದೆ ನಿಲ್ಲಿಸಿದಾಗ “ಮಾಂತ್ರಿಕ” ಎಂಬ ಶಬ್ದವನ್ನು ಬಿಟ್ಟು, “ಮಾಂತ್ರಿಕರ ಗುಟ್ಟು ಒಡೆದ ಅಧ್ಯಾಪಕ” ಎನ್ನಿರಿ. ಎರಡು: ಫ್ರಾಂಕ್ಲಿನ್ನನ ಪ್ರಯೋಗವನ್ನು ತರಗತಿಗೆ ತನ್ನಿರಿ. ಎರಡು ಲೋಟಗಳಲ್ಲಿ ಒಂದೇ ನೀರನ್ನಿಟ್ಟು, ಒಂದರಲ್ಲಿ ಗುಲಾಬಿಯ ಪರಿಮಳವಿದೆಯೆಂದು ಹೇಳಿ ನೋಡಿರಿ. ಎಷ್ಟು ಮೂಗುಗಳು ಒಪ್ಪುತ್ತವೆಂದು ಎಣಿಸಿರಿ. ಬಳಿಕ ನಿಜವನ್ನು ತಪ್ಪದೆ ತಿಳಿಸಿರಿ. ಒಪ್ಪಿದ ಮಗುವನ್ನು ನಗಬೇಡಿರಿ. ಮನಸ್ಸಿನ ಕೆಲಸವನ್ನು ತೋರಿಸಿರಿ. ಮೂರು: ನಿಮ್ಮ ನಾಲಗೆಯನ್ನು ಕಾಯಿರಿ. ಉಪಾಧ್ಯಾಯನ ದನಿ ಮಗುವಿಗೆ ಸೂಚನೆಯೇ. “ನಿನಗೆ ಬಾರದು” ಎಂಬುದೂ ಸೂಚನೆ, “ಇನ್ನೊಮ್ಮೆ ಮಾಡು, ಬರುತ್ತದೆ” ಎಂಬುದೂ ಸೂಚನೆ. ಆದರೆ ಎರಡನೆಯ ಮಾತನ್ನು ಹೇಳಿ ಸುಮ್ಮನಾದರೆ ಸಾಲದು. ಲೆಕ್ಕವನ್ನು ಕಲಿಸಲೂ ಬೇಕು. ಬರಿಯ ಹೊಗಳಿಕೆಯಿಂದ ಮಗ್ಗಿ ಬರುವುದಿಲ್ಲ.

ವಿದ್ಯಾರ್ಥಿಗಳಿಗೆ ಒಂದು ಮಾತು. ಮಕ್ಕಳೇ, ಮಾಂತ್ರಿಕರ ಕಥೆಗಳನ್ನು ಮನದಣಿಯೆ ಓದಿರಿ, ಬರೆಯಿರಿ. ಆದರೆ ಯಾರೇ ಆಗಲಿ ಗಟ್ಟಿದನಿಯಲ್ಲಿ “ನನ್ನಲ್ಲಿ ಶಕ್ತಿಯಿದೆ” ಎಂದರೆ, ಕಣ್ಣುಕಟ್ಟಿದರೂ ಆ ಶಕ್ತಿ ಕೆಲಸ ಮಾಡೀತೇ ಎಂದು ಕೇಳಿರಿ. “ನಿನ್ನಲ್ಲಿ ಶಕ್ತಿಯಿಲ್ಲ” ಎಂದವರನ್ನೂ ಅದೇ ಪರೀಕ್ಷೆಗೆ ಒಡ್ಡಿರಿ. ಉತ್ತರ ಗೊತ್ತಿದ್ದಾಗ ಕೈ ಎತ್ತಿರಿ. ಗೊತ್ತಿಲ್ಲದಿದ್ದಾಗ ಪ್ರಶ್ನೆ ಕೇಳಲು ಕೈ ಎತ್ತಿರಿ. ಆ ಕೈಯನ್ನು ಎತ್ತುವ ಶಕ್ತಿಯನ್ನು ಯಾವ ಪಂಥವೂ ನಿಮಗೆ ಕೊಡಲಾರದು, ನಿಮ್ಮಿಂದ ಕಸಿಯಲೂ ಆರದು.